ಪಂಚಮಿಯ ಮೆಮೊ

ರಿಟೈರ್ ಆದಮೇಲೆ ಕಚೇರಿಯಿಂದ ಬಂದ ಕಾಗದದಲ್ಲಿ ನನ್ನ ಮೊದಲ ಒಂಬತ್ತು ವರ್ಷದ ಸರ್ವಿಸ್ ಲೆಕ್ಕಕ್ಕೆ ಹಿಡಿಯುವುದಿಲ್ಲ ಎಂದಿತ್ತು. ಆಗ ನಾನು ಟೆಂಪರರಿ ಅಂತೆ. ಅವು ಬಿಟ್ಟರೆ ಪೂರ್ತಿ ಪೆನ್ಶನ್ ಇಲ್ಲ. ನನ್ನ ಬೆಸ್ಟ್ ವರ್ಷಗಳೂ ಅವೇ. ಸರ್ಕಾರಿ ಶಾಲೆಯ ಕನ್ನಡ ಸೆಕ್ಷನ್ನಿನಲ್ಲಿ ನಲವತ್ತು ಮಕ್ಕಳು, ಒಂದೇ ಫ್ಯಾನು. ತಾರ್ನಾಕದ ಮನೆಯಲ್ಲಿ ಎರಡು ದಿನ ಮುಖ ಊದಿಸಿ ಕೂತೆ, ಮೂರನೆಯ ದಿನ ಕೋರ್ಟಿಗೆ ಹೋದೆ.

ಉಪ್ಪಲ್‌ನ ನನ್ನ ವಕೀಲೆ ಮೊಮ್ಮಗಳ ವಯಸ್ಸಿನವಳು. "ಅಮ್ಮಾ, ನೇಮಕದ ಆರ್ಡರ್ ಕಳೆದಿದ್ದರೆ ಹೋಗಲಿ. ಆ ಕಾಲದ, ಆಫೀಸಿನ ಸೀಲ್ ಇರುವ ಒಂದು ಚೀಟಿಯಾದರೂ ಇಲ್ಲವಾ?" ಎಂದು ತೆಲುಗಿನಲ್ಲಿ ಕೇಳಿದಳು.

ಇತ್ತು. ಒಂದೇ ಒಂದು. ಮದುವೆ ಸೀರೆಯ ಮಡಿಕೆಯೊಳಗೆ ಬಚ್ಚಿಟ್ಟಿದ್ದೆ, ಗಂಡನಿಗೂ ತೋರಿಸಿರಲಿಲ್ಲ.

ನೌಕರಿ ಸೇರಿದ ಎರಡನೆಯ ಶ್ರಾವಣ. ನಾಗರ ಪಂಚಮಿಗೆ ಗದಗಿನಿಂದ ಅಣ್ಣ ಕರೆಯಲು ಬಂದ. ಅಣ್ಣ ಬಾಗಿಲಿಗೆ ಬಂದು ನಿಂತ ಮೇಲೆ ಒಲ್ಲೆ ಅನ್ನುವ ಹೆಣ್ಣುಮಗಳು ನಮ್ಮ ಕಡೆ ಇದ್ದಾಳೇನು? ರಜೆ ಒಂದು ದಿನ, ನಾನು ಉಳಿದದ್ದು ಐದು ದಿನ. ತಿರುಗಿ ಬಂದಾಗ ಹೆಡ್‌ಮಿಸ್ಟ್ರೆಸ್, "ಜ್ವರ ಬಂದಿತ್ತು ಅಂತ ಬರೀರಿ, ಮುಗೀತು" ಎಂದರು. ಆದರೆ ನಾನು ಕಲಿತ ಕಾನ್ವೆಂಟಿನಲ್ಲಿ ಸುಳ್ಳಾಡಿದವರ ಬಾಯಿಗೆ ಸಿಸ್ಟರ್ ಸೋಪು ಹಚ್ಚುತ್ತಿದ್ದರು. ಆ ರುಚಿ ಮರೆಯುವಂಥದ್ದಲ್ಲ. ಚೆಂದದ ಕರ್ಸಿವ್‌ನಲ್ಲಿ ಬರೆದುಕೊಟ್ಟೆ: ತವರಿಗೆ ಹೋಗಿದ್ದೆ, ಜೋಕಾಲಿ ಆಡಿದೆ, ಶೇಂಗಾ ಉಂಡಿ ತಿಂದೆ, ಸಾರಿ.

ಹದಿನೈದು ದಿನಕ್ಕೆ ಮೇಲಿನ ಕಚೇರಿಯಿಂದ ಇಂಗ್ಲಿಷ್ ಮೆಮೊ ಬಂತು. ಸರ್ಕಾರದ ಖಾಯಂ ಶಿಕ್ಷಕಿಯಾದ ತಾವು ಜೋಕಾಲಿ ಆಡುವ ಸಲುವಾಗಿ ಗೈರುಹಾಜರಾದದ್ದು ಖಂಡನೀಯ, ಇತ್ಯಾದಿ.

ವಕೀಲೆ ಓದಿ ದುಪಟ್ಟಾದಿಂದ ಬಾಯಿ ಮುಚ್ಚಿಕೊಂಡು ನಕ್ಕಳು. "ಖಾಯಂ ಅಂತ ಅವರೇ ಬರೆದಿದ್ದಾರೆ ಅಮ್ಮಾ. ಇಷ್ಟು ದಿನ ಇದನ್ನು ಯಾಕೆ ಬಚ್ಚಿಟ್ಟಿರಿ?"

"ನಾಚಿಕೆ, ಮತ್ತೇನು" ಎಂದೆ.

ಕೋರ್ಟಿನಲ್ಲಿ ಸರ್ಕಾರಿ ವಕೀಲರು ಮೆಮೊ ಓದುತ್ತ ಓದುತ್ತ ದನಿ ತಗ್ಗಿಸಿದರು. ಜಡ್ಜ್ ಸಾಹೇಬರು, "ಟೆಂಪರರಿ ಟೀಚರಿಗೆ ಇಷ್ಟು ಬೈಗುಳವಾ?" ಎಂದು ಕೇಳಿ ನನ್ನ ಕಡೆ ತಿರುಗಿದರು. "ಮೇಡಂ, ಜೋಕಾಲಿ ಎಷ್ಟು ಎತ್ತರ ಹೋಗಿತ್ತು?"

"ಬೇವಿನ ಮರದ ಮೇಲಿನ ಟೊಂಗೆಗೆ ಕಾಲು ತಾಗುವಷ್ಟು, ಮೈ ಲಾರ್ಡ್."

ಹಾಲ್ ತುಂಬ ನಗು. ಅಂದು ಹಿಂದಿನಿಂದ ಜೋಕಾಲಿ ನೂಕಿದ ಅಣ್ಣ ಈಗಿಲ್ಲ. ಇದ್ದಿದ್ದರೆ ಅವನನ್ನೇ ಸಾಕ್ಷಿಗೆ ನಿಲ್ಲಿಸುತ್ತಿದ್ದೆ.

ಮುಂದಿನ ತಿಂಗಳು ಆರ್ಡರ್ ಆಯಿತು. ಒಂಬತ್ತು ವರ್ಷವೂ ಸರ್ವಿಸಿಗೆ ಸೇರಿದವು, ಪೂರ್ತಿ ಪೆನ್ಶನ್ ಸಿಕ್ಕಿತು. ಆರ್ಡರಿನ ನಾಲ್ಕನೆಯ ಪುಟದಲ್ಲಿ ನನ್ನ ಮೆಮೊ ಅಕ್ಷರ ಬಿಡದೆ ಅಚ್ಚಾಗಿದೆ. ಯಜಮಾನರು ಕನ್ನಡಕ ಏರಿಸಿ ಓದಿದರು.

"ಭಾಳ ಗಟ್ಟಿ ಅದೀ ನೀ. ಇಷ್ಟು ವರ್ಷ ನನಗ ಹೇಳಲೇ ಇಲ್ಲ?"

"ಹೇಳಿದ್ರ ಮರುವರ್ಷ ಪಂಚಮಿಗೆ ಕಳಿಸ್ತಿದ್ರೇನ್ರಿ?"

ಅವರು ನಾಲ್ಕನೆಯ ಪುಟವನ್ನು ಮತ್ತೊಮ್ಮೆ, ಪಕ್ಕದ ಮನೆಯವರಿಗೂ ಕೇಳುವಂತೆ ಓದತೊಡಗಿದರು.