ಹೆರಿಗೆ ಆಸ್ಪತ್ರೆಯ ತಾರಸಿಯಲ್ಲಿ ಹುಲ್ಲುಹಾಸು

1974ರಲ್ಲಿ ನಾನು ಬೆಂಗಳೂರಿನ ಸರ್ಕಾರಿ ನರ್ಸರಿಯೊಂದರಲ್ಲಿ ಹಾರ್ಟಿಕಲ್ಚರ್ ಅಸಿಸ್ಟೆಂಟ್ ಆಗಿದ್ದೆ. ಸಸಿ ಬೆಳೆಸುವುದು, ಮಾರುವುದು, ಶಾಲೆ ಆಸ್ಪತ್ರೆಗಳವರು ಕೇಳಿದರೆ ಹೋಗಿ ತೋಟ ಮಾಡಿಕೊಟ್ಟು ಬರುವುದು ನನ್ನ ಕೆಲಸ. ನೌಕರಿಯ ಉದ್ದಕ್ಕೂ ಒಣಗಿಹೋದ ತೋಟಗಳನ್ನು ಬೇಕಾದಷ್ಟು ಕಂಡಿದ್ದೇನೆ, ಅವುಗಳ ಬಗ್ಗೆ ನನಗೆ ಬೇಜಾರಿಲ್ಲ. ಸೊಗಸಾಗಿ ಬೆಳೆದೂ ಕೈತಪ್ಪಿ ಹೋದದ್ದು ಒಂದೇ, ರಾಜಾಜಿನಗರದ ಹೆರಿಗೆ ಆಸ್ಪತ್ರೆಯ ತಾರಸಿಯದು. ಅದನ್ನು ನೆನೆದರೆ ಇವತ್ತಿಗೂ ಮೈ ಉರಿಯುತ್ತದೆ.

ಕೆಲವು ವರ್ತಕರು ಟ್ರಸ್ಟ್ ಮಾಡಿಕೊಂಡು ಕಟ್ಟಿಸಿದ್ದ ಎರಡಂತಸ್ತಿನ ಆಸ್ಪತ್ರೆ ಅದು. ಮೇಲಂತಸ್ತಿನಲ್ಲಿ ಬಾಣಂತಿಯರ ವಾರ್ಡು, ಅದರ ನೆತ್ತಿಯ ಮೇಲೆ ಚಪ್ಪಟೆ ಆರ್.ಸಿ.ಸಿ. ತಾರಸಿ. ಹೊಸ ಬಡಾವಣೆಯಾದ್ದರಿಂದ ಸುತ್ತ ನೆರಳಿಗೆಂದು ಒಂದು ಮರವಿರಲಿಲ್ಲ. ಮಾರ್ಚ್ ಬಂತೆಂದರೆ ವಾರ್ಡು ಕಾದ ಕಾವಲಿಯಂತಾಗುತ್ತಿತ್ತು. ಅಲ್ಲಿನ ಮೇಟ್ರನ್ ಸುಶೀಲಮ್ಮ ಒಂದು ದಿನ ನರ್ಸರಿಗೇ ಹುಡುಕಿಕೊಂಡು ಬಂದರು.

"ಹುಟ್ಟಿ ಎರಡು ದಿನ ಆಗಿರಲ್ಲ ಸಾರ್, ಮಕ್ಕಳ ಮೈತುಂಬ ಬೆವರುಸಾಲೆ. ತಾರಸಿ ಮೇಲೆ ಹುಲ್ಲು ಬೆಳೆಸಿದ್ರೆ ಕೆಳಗೆ ತಂಪಾಗತ್ತಂತೆ, ನಿಜಾನಾ?"

ನಿಜ ಎಂದೆ. ಆದರೆ ತಾರಸಿಗೆ ಮಣ್ಣು ಹಾಕುವಾಗ ಎರಡು ಭಯ ಇರುತ್ತದೆ: ಒಂದು ಭಾರದ್ದು, ಇನ್ನೊಂದು ನೀರಿನದು. ಒದ್ದೆ ಮಣ್ಣಿನ ತೂಕ ನೋಡುವವರಿಗೆ ಅಂದಾಜಾಗುವುದಿಲ್ಲ. ಕಟ್ಟಡದ ಎಂಜಿನಿಯರರು ಲೆಕ್ಕ ಹಾಕಿ, ನಾಲ್ಕು ಅಂಗುಲಕ್ಕಿಂತ ಹೆಚ್ಚು ಮಣ್ಣು ಬೇಡ ಎಂದರು. ನೀರು ಇಳಿಯದಂತೆ ತಾರಸಿಗೆ ಟಾರು ಬಳಿಸಿ, ಅದರ ಮೇಲೆ ಸಣ್ಣ ಜಲ್ಲಿ, ಜಲ್ಲಿಯ ಮೇಲೆ ಮರಳು, ಮರಳಿನ ಮೇಲೆ ಎಲೆಗೊಬ್ಬರ ಬೆರೆಸಿದ ಕೆಮ್ಮಣ್ಣು ಹಾಕಿಸಿದೆ. ಮಳೆನೀರು ಹೊರಹೋಗಲು ಮೂಲೆಯಲ್ಲಿ ಒಂದೇ ಪೈಪಿತ್ತು. ಅದರ ಬಾಯಿಗೆ ಜಾಲರಿ ಕಟ್ಟಿಸಿದೆ. ಆಮೇಲೆ ಗರಿಕೆ ನೆಟ್ಟು, ಅಂಚಿನಲ್ಲಿ ಟೇಬಲ್ ರೋಸ್ ಹಾಕಿಸಿದೆ. ನೋಡಿಕೊಳ್ಳಲು ಆಸ್ಪತ್ರೆಯವರು ಅತ್ತಿಗುಪ್ಪೆಯ ಮುನಿಯಪ್ಪನನ್ನು ಮಾಲಿಯಾಗಿ ಇಟ್ಟುಕೊಂಡರು. ರಾಗಿ ಹೊಲವೆಲ್ಲ ಸೈಟುಗಳಾಗಿ ಹೋಗಿ ಕೈಖಾಲಿ ಕೂತಿದ್ದ ಮನುಷ್ಯ ಗರಿಕೆಯನ್ನು ಮಗುವಿನ ಹಾಗೆ ಸಾಕಿದ.

ಮುಂದಿನ ಬೇಸಿಗೆಯಲ್ಲಿ ವಾರ್ಡಿಗೆ ಹೋದವನಿಗೆ ನನಗೇ ಆಶ್ಚರ್ಯ. ಮಟಮಟ ಮಧ್ಯಾಹ್ನ ಬಾಣಂತಿಯರು ಹೊದ್ದು ಮಲಗಿದ್ದರು. ಸುಶೀಲಮ್ಮ ಫಿಲ್ಟರ್ ಕಾಫಿ ತರಿಸಿ ಕೊಟ್ಟರು. ಅಷ್ಟು ಹೆಮ್ಮೆ ನನಗೆ ಬೇರೆ ಯಾವ ತೋಟದಲ್ಲೂ ಆಗಿರಲಿಲ್ಲ.

ಆಮೇಲೆ ನನ್ನನ್ನು ಕೆಲವು ತಿಂಗಳು ಕೋಲಾರದ ಕಡೆ ಹಾಕಿದರು. ಹಿಂದಿರುಗಿ ತಾರಸಿ ಹತ್ತಿದರೆ, ಮೂಲೆಯ ಮಳೆನೀರಿನ ಪೈಪಿನಿಂದ ಎರಡೇ ಹೆಜ್ಜೆ ಈಚೆಗೆ ಮೊಣಕಾಲೆತ್ತರದ ಅಶ್ವತ್ಥದ ಗಿಡ! ಯಾವುದೋ ಹಕ್ಕಿ ಬೀಜ ಹಾಕಿ ಹೋಗಿತ್ತು. ಕಾಂಡಕ್ಕೆ ಅರಿಶಿನದ ದಾರ, ಬುಡದಲ್ಲಿ ಕುಂಕುಮ. ಸುತ್ತಲಿನ ಗರಿಕೆ ಸವೆದು ಗಾಣದೆತ್ತು ತಿರುಗಿದಂತೆ ದಾರಿಯಾಗಿತ್ತು.

"ಏನಯ್ಯಾ ಇದು?" ಎಂದು ಮುನಿಯಪ್ಪನನ್ನು ಗದರಿದೆ.

"ನಾನು ನೆಟ್ಟಿದ್ದಲ್ಲ ಸಾಮಿ, ಅದೇ ಬಂತು. ದೇವ್ರ ಗಿಡ, ನಾನೆಂಗೆ ಕೀಳ್ಲಿ?"

ಆಗಿದ್ದಿಷ್ಟು. ಹೆರಿಗೆಗೆ ಬಂದವರ ತಾಯಂದಿರು, ಅತ್ತೆಯಂದಿರು ಗಾಳಿಗೆಂದು ತಾರಸಿಗೆ ಬರುತ್ತಿದ್ದರು. ಮಕ್ಕಳಾಗದವರು ಅಶ್ವತ್ಥ ಸುತ್ತುವುದು ನಮ್ಮಲ್ಲಿ ಮೊದಲಿನಿಂದ ಇದ್ದೇ ಇದೆ. ಹೆರಿಗೆ ಆಸ್ಪತ್ರೆಯ ನೆತ್ತಿಯ ಮೇಲೆ ತಾನಾಗಿ ಹುಟ್ಟಿದ ಅಶ್ವತ್ಥವನ್ನು ಸುತ್ತದೆ ಬಿಡುತ್ತಾರೆಯೇ? ನನಗಾದರೋ ಅದರ ಬೇರಿನದೇ ಚಿಂತೆ. ನೀರಿರುವ ಕಡೆ ನುಗ್ಗುವ ಜಾತಿ ಅದು. ಪೈಪಿನೊಳಗೆ ಇಳಿದರೆ ತಾರಸಿಯಲ್ಲಿ ನೀರು ನಿಲ್ಲುತ್ತದೆ, ನಿಂತ ನೀರು ವಾರ್ಡಿಗೆ ಇಳಿಯುತ್ತದೆ, ಅಲ್ಲಿಗೆ ಹುಲ್ಲುಹಾಸಿನ ಕಥೆ ಮುಗಿಯಿತು.

ಟ್ರಸ್ಟಿನ ಅಧ್ಯಕ್ಷರು ದಾವಣಗೆರೆ ಕಡೆಯ ಬಟ್ಟೆ ವ್ಯಾಪಾರಿ ಬಸವರಾಜಪ್ಪನವರು. ಅವರ ಅಂಗಡಿಗೆ ಹೋಗಿ ಹೇಳಿದೆ. "ನಮ್ ಮನ್ಯಾಗೆ ಈ ಗಿಡ ಸುತ್ತೋದೆಲ್ಲ ಇಲ್ರೀ. ಆದ್ರ ನಾಳೆ ಯಾವುದಾರ ಕೂಸಿಗೆ ಏನಾರ ಆತು ಅಂದ್ರ, ಗಿಡ ಕಿತ್ತಿದ್ದಕ್ಕೇ ಆತು ಅಂತಾರ. ಆಸ್ಪತ್ರೆ ಹೆಸ್ರು ನೋಡ್ಬೇಕಲ್ರೀ," ಎಂದರು. ಸರಿ, ಕಡಿಯುವುದು ಬೇಡ, ಮಣ್ಣಿನ ಸಮೇತ ಎತ್ತಿ ಕಾಂಪೌಂಡಿನಲ್ಲಿ ನೆಟ್ಟು ಕಟ್ಟೆ ಕಟ್ಟೋಣ ಎಂದೆ. ಅದಕ್ಕೆ ಎಲ್ಲರೂ ಒಪ್ಪಿದರು. ಮುನಿಯಪ್ಪನೂ ಒಪ್ಪಿದ.

ಗೊತ್ತು ಮಾಡಿದ್ದ ದಿನ ಗುದ್ದಲಿ ಹಿಡಿದು ಹತ್ತಿದೆ. ಗಿಡದ ಪಕ್ಕದಲ್ಲಿದ್ದ ಹೆಂಗಸೊಬ್ಬರು ಓಡಿ ಬಂದು ನನ್ನ ಕೈ ಹಿಡಿದುಕೊಂಡರು. "ಅಣ್ಣಾ, ಕಾಲಿಗೆ ಬೀಳ್ತೀನಿ. ಕೆಳಗೆ ನನ್ನ ಮಗಳು ನೋವು ತಿಂತಾ ಇದಾಳೆ. ಇವತ್ತು ಬೇಡ."

ಇವತ್ತು ಬೇಡ ಎಂದು ಇಳಿದು ಬಂದೆ. ಇನ್ನೊಂದು ದಿನ ಹೋದೆ, ಇನ್ಯಾರದೋ ಸೊಸೆ. ಮತ್ತೊಂದು ದಿನ ಅವಳಿ ಮಕ್ಕಳ ಕೇಸು. ಹೆರಿಗೆ ಆಸ್ಪತ್ರೆಯಲ್ಲಿ ಯಾರೂ ನೋವು ತಿನ್ನದ ದಿನ ಎಲ್ಲಿಂದ ತರುವುದು? ಕೊನೆಗೆ ಸುಶೀಲಮ್ಮನೇ ಮೆಟ್ಟಿಲ ಹತ್ತಿರ ನಿಲ್ಲಿಸಿದರು. "ಒಳಗೆ ಕಷ್ಟದ ಕೇಸ್ ಇದೆ ಸಾರ್. ನಾನು ಇದನ್ನೆಲ್ಲ ನಂಬಲ್ಲ, ಆದ್ರೂ ಇವತ್ತು ಬೇಡ." ಹುಲ್ಲು ಬೇಕೆಂದು ನರ್ಸರಿಗೆ ಬಂದವರು ಇವರೇ. ಗೋಡೆಗೆ ತಲೆ ಚಚ್ಚಿಕೊಳ್ಳುವುದೊಂದು ಬಾಕಿ.

ಅಷ್ಟರಲ್ಲಿ ಮಳೆ ಹಿಡಿಯಿತು. ಬೇರು ಜಾಲರಿ ಹರಿದು ಪೈಪಿನೊಳಗೆ ಇಳಿದಿತ್ತು. ತಾರಸಿ ಕೆರೆಯಾಗಿ, ವಾರ್ಡಿನ ಸೂರಿನಿಂದ ತೊಟ್ಟಿಲುಗಳ ಮೇಲೆ ನೀರು ತೊಟ್ಟಿಕ್ಕಿತು. ಟ್ರಸ್ಟಿನವರು ತುರ್ತು ಸಭೆ ಸೇರಿ, ಸೋರುವುದಕ್ಕೆ ಹುಲ್ಲುಹಾಸೇ ಕಾರಣವೆಂದು ತೀರ್ಮಾನಿಸಿದರು. ಎಷ್ಟು ಬಡಿದಾಡಿದರೂ ಕೇಳಲಿಲ್ಲ. ಗರಿಕೆ, ಮಣ್ಣು, ಜಲ್ಲಿ ಎಲ್ಲವನ್ನೂ ಬಾಚಿ ಕೆಳಗೆ ಹಾಕಿಸಿದರು. ಆ ಮೂಲೆಯ ಪೈಪನ್ನು ಮುಚ್ಚಿ ಇನ್ನೊಂದು ಮೂಲೆಯಲ್ಲಿ ಹೊಸ ಪೈಪು ಕೊರೆಸಿದರು. ಅಶ್ವತ್ಥವನ್ನು ಮಾತ್ರ ಹಾಗೇ ಬಿಟ್ಟು, ಸುತ್ತ ಇಟ್ಟಿಗೆಯ ಕಟ್ಟೆ ಕಟ್ಟಿಸಿದರು. ಮುನಿಯಪ್ಪನ ಕೆಲಸವೂ ಹೋಯಿತು.

ಮರುವರ್ಷದ ಏಪ್ರಿಲ್‌ನಲ್ಲಿ ವಿಜಯನಗರದ ನಮ್ಮ ಮನೆಯಿಂದ ತಂಗಿಯನ್ನು ಹೆರಿಗೆಗೆ ಅಲ್ಲಿಗೇ ಸೇರಿಸಿದೆವು. ಬಾಣಂತಿಯರ ಮಂಚಗಳ ಸುತ್ತ ಸುಶೀಲಮ್ಮ ಒದ್ದೆ ಸೀರೆಗಳನ್ನು ಇಳಿಬಿಟ್ಟಿದ್ದರು. ತಂಗಿಯ ನೋವು ಬೆಳಗಿನಿಂದ ಎಳೆಯುತ್ತಲೇ ಇತ್ತು. ಮಧ್ಯಾಹ್ನ ಅಮ್ಮ ನನ್ನ ತೋಳು ಹಿಡಿದು ತಾರಸಿಗೆ ಕರೆದುಕೊಂಡು ಹೋದರು.

"ಚಪ್ಪಲಿ ಬಿಟ್ಟು ಮೂರು ಸುತ್ತು ಬಾರೋ. ಒಳಗೆ ಅವಳು ಒದ್ದಾಡ್ತಾ ಇದಾಳೆ."

ನಾನು ಹುಲ್ಲು ಹಾಸಿದ್ದ ಜಾಗ ಬರಿ ಸಿಮೆಂಟಾಗಿ ಅಂಗಾಲು ಸುಡುತ್ತಿತ್ತು. ಕುಂಟುತ್ತ, ಎಲ್ಲರನ್ನೂ ಬೈದುಕೊಳ್ಳುತ್ತ ಮೂರು ಸುತ್ತು ಬಂದೆ. ಸಂಜೆ ತಂಗಿಗೆ ಹೆಣ್ಣುಮಗು ಹುಟ್ಟಿತು.

ಆಮೇಲೆ ಎಲ್ಲೇ ತಾರಸಿ ತೋಟಕ್ಕೆ ಕರೆದರೂ ಭಾರ, ನೀರಿನ ಮಾತಿಗಿಂತ ಮೊದಲು, ತಾನಾಗಿ ಹುಟ್ಟುವ ಸಸಿಗಳನ್ನು ಎರಡೆಲೆ ಇರುವಾಗಲೇ ಕೀಳುವವರು ಯಾರೆಂದು ಕೇಳುತ್ತಿದ್ದೆ. ಉತ್ತರ ಸಿಗದಿದ್ದರೆ ಕೆಲಸ ಒಪ್ಪಿಕೊಳ್ಳುತ್ತಿರಲಿಲ್ಲ. ದಾರ ಕಟ್ಟಿದ ಮೇಲೆ ಕೀಳಲು ಯಾರಿಂದಲೂ ಆಗುವುದಿಲ್ಲ. ತಂಗಿ ನೋವು ತಿನ್ನುತ್ತಿದ್ದ ಆ ಮಧ್ಯಾಹ್ನ ಯಾರಾದರೂ ಗುದ್ದಲಿ ಹಿಡಿದು ತಾರಸಿಗೆ ಬಂದಿದ್ದರೆ, ಇವತ್ತು ಬೇಡ ಎಂದು ನಾನೇ ಅವನ ಕೈ ಹಿಡಿಯುತ್ತಿದ್ದೆ.