ಒಂದು ಮೊರ ತೌಡಿನ ಹೆಸರು

ತೌಡಿನ ವಾಸನೆ ಯಾರಿಗೂ ಹಿತವೆನಿಸುವಂಥದ್ದಲ್ಲ. ಧೂಳು, ಹಳೆಯ ಗೋಣಿಚೀಲ, ಒಂದಿಷ್ಟು ಎಣ್ಣೆಜಿಡ್ಡು, ಅದರ ಅಡಿಯಲ್ಲೆಲ್ಲೋ ಬಿಸಿ ಅನ್ನದ ಸುಳಿವು. ಹೋದ ವಾರ ಸೀವುಡ್ಸ್‌ನ ನಮ್ಮ ಮನೆಯಲ್ಲಿ ಮಗಳು ಮುಖಕ್ಕೆ ಹಚ್ಚಿಕೊಳ್ಳಲೆಂದು ತರಿಸಿದ್ದ ಸಣ್ಣ ಡಬ್ಬಿಯ ಮುಚ್ಚಳ ತೆಗೆದಾಗ ಆ ವಾಸನೆ ಬಂತು. ನಾನು ಸೌಟು ಹಿಡಿದವಳು ಹಿಡಿದಂತೆಯೇ ನಿಂತುಬಿಟ್ಟೆ. ಎಮ್ಮೆ ತಿನ್ನುವ ತೌಡನ್ನು ಚಂದದ ಡಬ್ಬಿಯಲ್ಲಿ ತುಂಬಿ ಮಾರುವವರನ್ನು ಬೈಯಬೇಕೆಂದು ಬಾಯಿ ತೆರೆದವಳು ಡಬ್ಬಿಯನ್ನೇ ಇನ್ನೊಮ್ಮೆ ಮೂಸಿದೆ. ಮಗಳ ಗಮನ ಇತ್ತ ಇರಲಿಲ್ಲ. ಎರಡು ತಿಂಗಳ ಕೂಸನ್ನು ತೊಡೆಯ ಮೇಲೆ ಹಾಕಿಕೊಂಡು ಅವಳು ಮೊಬೈಲಿನಲ್ಲಿ ಹೆಸರು ಹುಡುಕುತ್ತಿದ್ದಳು. ಬೇರೆ ಯಾರೂ ಇಟ್ಟಿರಬಾರದು, ಅರ್ಥ ಘನವಾಗಿರಬೇಕು, ಇಂಗ್ಲಿಷಿನಲ್ಲಿ ಬರೆಯುವಾಗ ಎರಡು ಅಕ್ಷರ ಹೆಚ್ಚೇ ಇರಬೇಕು ಎನ್ನುವುದು ಅವಳ ಹಟ. ತಮಾಷೆಗೆಂದು ನನ್ನ ಹೆಸರನ್ನೂ ಒತ್ತಿ ನೋಡಿದಳು. "ಮಮ್ಮೀ, ತುಝಂ ನಾವ್ ಹ್ಯಾತ್ ನಾಹೀಚ್! ಅರ್ಥ ಏನು ಇದರದ್ದು, ಸಾಂಗ್ ನಾ." ನನ್ನ ಹೆಸರು ಅದರಲ್ಲಿ ಇಲ್ಲವೇ ಇಲ್ಲವಂತೆ, ಅರ್ಥ ನಾನೇ ಹೇಳಬೇಕಂತೆ.

ನನ್ನ ಹೆಸರು ತೌಡವ್ವ. ಇಂಗ್ಲಿಷಿನಲ್ಲಿ ಅದಕ್ಕೆ ಮೂರು ಡಬ್ಲ್ಯೂ. ಕಾರ್ಖಾನೆಗಳ ಬಡಾವಣೆಯಾದ ವಾಗ್ಳೆ ಎಸ್ಟೇಟಿನ ಒಂದು ಆಫೀಸಿನಲ್ಲಿ ಮೂವತ್ತು ವರ್ಷ ಗುಮಾಸ್ತೆಯಾಗಿದ್ದೆ. ಹೊಸದಾಗಿ ಬಂದ ಸಾಹೇಬರೆಲ್ಲ ಹಾಜರಿ ಪಟ್ಟಿಯಲ್ಲಿ ಅಲ್ಲಿಗೆ ಬಂದು ಎಡವುತ್ತಿದ್ದರು. ಪೋಲೆಂಡ್ ಕಡೆಯ ಹೆಸರೇ ಎಂದು ಒಬ್ಬರು ಕೇಳಿದ್ದರು. ಹೌದೆಂದಿದ್ದೆ. ಮಗಳಿಗೂ ಇಷ್ಟು ದಿನ ಊರ ದೇವಿಯ ಹೆಸರೆಂದು ಹೇಳಿ ಸಾಗಹಾಕಿದ್ದೆ. ಆ ದಿನ ಮಾತ್ರ ಡಬ್ಬಿಯನ್ನು ಅವಳ ಮೂಗಿನ ಹತ್ತಿರ ಹಿಡಿದು, "ಇದೇ ಅರ್ಥ" ಎಂದೆ.

ನಾನು ಹುಟ್ಟಿದ ಡೊಂಬಿವಲಿಯ ಚಾಳಿನಲ್ಲಿ ನಮ್ಮದು ಒಂದು ಖೋಲಿ, ಎದುರಿಗೆ ವಾರಿಜಕ್ಕನದು ಒಂದು. ನಡುವೆ ಇಬ್ಬರು ಎದುರಾದರೆ ಮೈ ತಿರುಗಿಸಿಕೊಳ್ಳಬೇಕಾದಷ್ಟು ಓಣಿ. ಅಪ್ಪ ವಿಜಯಪುರದ ಕಡೆಯವನು, ಗೋದಾಮಿನಲ್ಲಿ ಹಮಾಲಿ. ವಾರಿಜಕ್ಕ ಉಡುಪಿಯ ಕಡೆಯವಳು. ಅವಳ ಗಂಡ ಸ್ಟೇಷನ್ನಿನ ಹತ್ತಿರದ ಹೋಟೆಲಿನಲ್ಲಿ ಗಲ್ಲಾದ ಮೇಲೆ ಕೂರುತ್ತಿದ್ದರು. ಗಾಳಿ ತಿರುಗಿದರೆ ಕೆಮಿಕಲ್ ಕಾರ್ಖಾನೆಗಳ ಘಾಟು ಎರಡೂ ಮನೆಗೆ ಸಮನಾಗಿ ನುಗ್ಗುತ್ತಿತ್ತು. ತಿರುಗದ ದಿನ ನಮ್ಮಲ್ಲಿ ರೊಟ್ಟಿ ಸುಡುವ ವಾಸನೆ, ಅವರಲ್ಲಿ ತೆಂಗಿನೆಣ್ಣೆಯ ಒಗ್ಗರಣೆ. ನನಗಿಂತ ಮೊದಲು ಅವ್ವ ಎರಡು ಗಂಡು ಹೆತ್ತಿದ್ದಳು. ಎರಡೂ ತಿಂಗಳು ತುಂಬುವ ಮೊದಲೇ ಹೋಗಿದ್ದವು. ಅಂಥ ಮನೆಯಲ್ಲಿ ಹುಟ್ಟಿದ ಮುಂದಿನ ಕೂಸನ್ನು ಒಂದು ಮೊರ ತೌಡಿಗೆ ಬೇರೆಯವರಿಗೆ ಕೊಟ್ಟುಬಿಡುವುದು ನಮ್ಮ ಮನೆತನದ ರೂಢಿ. ಆಮೇಲೆ ಹೆತ್ತವಳು ಆಳಾಗಿ ಹೋಗಿ ಅದನ್ನೇ ಸಾಕಬೇಕು. ಕೂಸು ಆ ಮನೆಯದಲ್ಲವೆಂದ ಮೇಲೆ ಸಾವು ಅಲ್ಲಿಗೆ ಹುಡುಕಿಕೊಂಡು ಬರುವುದಿಲ್ಲವೆಂಬ ನಂಬಿಕೆ.

ನಾನು ಹುಟ್ಟಿದ ಐದನೇ ದಿನ ಅವ್ವ ನನ್ನನ್ನು ಮೊರದಲ್ಲಿ ಮಲಗಿಸಿ ಓಣಿ ದಾಟಿದಳು. ವಾರಿಜಕ್ಕ ಹಾಲಿನವನ ಎಮ್ಮೆ ಕಟ್ಟುವ ತಬೇಲಾದಿಂದ ಬೇಡಿ ತಂದ ತೌಡನ್ನು ಅವ್ವನ ಉಡಿಗೆ ಸುರಿದು, ನನ್ನನ್ನು ಎತ್ತಿಕೊಂಡು ಒಳಗೆ ಹೋದಳು. ಅವ್ವ ಹಾಲು ಸೋರುವ ಎದೆಗೆ ಬಟ್ಟೆ ಬಿಗಿದುಕೊಂಡು ತನ್ನ ಖೋಲಿಯಲ್ಲಿ ಕೂತಳು. ದೀಪ ಹಚ್ಚುವ ಹೊತ್ತಿಗೆ ಹೋಗಿ ಹೊಸ್ತಿಲಾಚೆ ನಿಂತು, ಕೇಳಬೇಕಾದಂತೆಯೇ ಕೇಳಿದಳು: "ಕೂಸು ಸಾಕಾಕ ಆಳು ಬೇಕೇನ್ರೀ?" ಬೇಕು ಎಂದು ತಕ್ಷಣ ಹೇಳಬೇಕು, ಅದು ಕ್ರಮ. ಒಳಗಿನಿಂದ ಉತ್ತರವೇ ಬರಲಿಲ್ಲ. ವಾರಿಜಕ್ಕನಿಗೆ ಮದುವೆಯಾಗಿ ಹನ್ನೆರಡು ವರ್ಷ, ಮಕ್ಕಳಿರಲಿಲ್ಲ. "ಆವಾಗ ನನ್ನ ಜೀವ ಬಾಯಿಗೆ ಬಂದಿತ್ತು ನೋಡ" ಎಂದು ಅವ್ವ ಎಷ್ಟೋ ವರ್ಷಗಳ ಮೇಲೂ ಎದೆಯ ಮೇಲೆ ಕೈಯಿಟ್ಟುಕೊಂಡೇ ಹೇಳುತ್ತಿದ್ದಳು. ಕೊನೆಗೆ ವಾರಿಜಕ್ಕ ಬಾಗಿಲಿಗೆ ಬಂದಳಂತೆ. "ಬೇಕು ಮಾರಾಯ್ತಿ. ಆದ್ರೆ ಮಗು ನಂದೇ, ನೆನಪಿಟ್ಕೋ" ಎಂದು ನನ್ನನ್ನು ಅವ್ವನ ಕೈಗೆ ಕೊಟ್ಟಳಂತೆ. ಹೆಸರಿಡುವ ಹಕ್ಕೂ ಅವಳದೇ. ಮಗಳಾದರೆ ಇಡಬೇಕೆಂದು ಒಂದು ಚಂದದ ಹೆಸರನ್ನು ಅವಳು ವರ್ಷಗಳಿಂದ ಮನಸ್ಸಿನಲ್ಲಿಟ್ಟುಕೊಂಡಿದ್ದಳು. ಅವ್ವ ಕಾಲು ಹಿಡಿದು ಬೇಡಿದ್ದಕ್ಕೆ, ಸಾವಿಗೂ ಬೇಡವೆನಿಸುವ ಈ ಹೆಸರನ್ನಿಟ್ಟಳು. ಅವಳ ಗಂಡ ಹೋಟೆಲಿನ ಬಿಲ್ಲು ಬರೆದು ಕಲಿತ ಇಂಗ್ಲಿಷಿನಲ್ಲಿ ಮುನಿಸಿಪಾಲಿಟಿಯ ಫಾರಂ ತುಂಬಿದರು. ಡಬ್ಲ್ಯೂಗಳೆಲ್ಲ ಅವರ ಕೊಡುಗೆ. ಆ ಇನ್ನೊಂದು ಹೆಸರು ಯಾವುದೆಂದು ಮಾತ್ರ ವಾರಿಜಕ್ಕ ಯಾರಿಗೂ ಹೇಳಲಿಲ್ಲ.

ಅವ್ವ ಮಾತಿಗೆ ತಪ್ಪಲಿಲ್ಲ. ತಲೆ ಬಾಚುತ್ತಿದ್ದಳು, ಬೈಯುತ್ತಿದ್ದಳು, ಜ್ವರ ಬಂದರೆ ಗೋಡೆಗೊರಗಿ ಕೂತೇ ಬೆಳಗು ಮಾಡುತ್ತಿದ್ದಳು. 'ನನ್ನ ಮಗಳು' ಎಂಬ ಎರಡು ಶಬ್ದ ಮಾತ್ರ ಅವಳ ಬಾಯಿಂದ ಬೀಳುತ್ತಿರಲಿಲ್ಲ. ಮೂರನೇ ಇಯತ್ತೆಯಲ್ಲಿ ನನಗೆ ಓದುವುದರಲ್ಲಿ ಬಹುಮಾನ ಬಂದಾಗ ನಮ್ಮ ಕನ್ನಡ ಶಾಲೆಯ ಟೀಚರು, ಬಾಯಿಯವರು, ಎಲ್ಲರೆದುರು ಅವ್ವನನ್ನು, "ನಿಮ್ಮ ಮಗಳೇನ್ರೀ?" ಎಂದು ಕೇಳಿದರು. ನಾನು ಉಸಿರು ಬಿಗಿಹಿಡಿದು ನಿಂತಿದ್ದೆ. "ಅಲ್ಲರೀ ಬಾಯಾರ, ಎದುರು ಮನೀ ವಾರಿಜಾಬಾಯಿ ಮಗಳ್ರೀ ಆಕಿ. ನಾ ಬರೇ ಸಾಕೋ ಆಳು." ಬಹುಮಾನದ ಸ್ಟೀಲಿನ ಲೋಟವನ್ನು ಅಲ್ಲೇ ಎಸೆದು ಬಂದೆ. ಹಾಗಿದ್ದರೆ ಹಾಗೇ ಆಗಲಿ ಎಂದು ವಾರಿಜಕ್ಕನ ಮನೆ ಸೇರಿ, ಎರಡು ದಿನ ಗಂಜಿ ಉಂಡು ಅಲ್ಲೇ ಮಲಗಿದೆ. ಅವಳಂತೂ ನೀರಿನ ಸಾಲಿನಲ್ಲಿ ಕಂಡವರಿಗೆಲ್ಲ "ನಮ್ಮ ಮಗಳು ಮಾರಾಯ್ರೆ, ಇಡೀ ಶಾಲೆಗೇ ಫಸ್ಟು" ಎಂದು ಸಾರಿದಳು. ಎರಡನೆಯ ಸಂಜೆ ಹೊಸ್ತಿಲಾಚೆ ಅದೇ ದನಿ ಕೇಳಿಸಿತು: "ಕೂಸು ಸಾಕಾಕ ಆಳು ಬೇಕೇನ್ರೀ?" ವಾರಿಜಕ್ಕ ನಕ್ಕಳು, ಸೆರಗಿನಿಂದ ಕಣ್ಣನ್ನೂ ಒರೆಸಿಕೊಂಡಳು. "ಹೋಗು ಮಗಾ, ಆಳು ಬಂದಿದ್ದಾಳೆ." ಹೋದೆ. ಸಿಟ್ಟು ಮಾತ್ರ ಬಹಳ ವರ್ಷ ಇಳಿಯಲಿಲ್ಲ.

ಹೋಟೆಲು ಮುಚ್ಚಿದ ಮೇಲೆ ವಾರಿಜಕ್ಕ ಗಂಡನೊಂದಿಗೆ ಊರಿಗೆ ಹೋದಳು. ನಾಲ್ಕಾರು ಕಾಗದ ಬಂದವು, ಆಮೇಲೆ ಅವಳು ತೀರಿಕೊಂಡಳೆಂಬ ಸುದ್ದಿ. ಚಾಳು ಇದ್ದಲ್ಲಿ ಈಗ ಹದಿನೆಂಟು ಮಾಳಿಗೆಯ ಕಟ್ಟಡವಿದೆ. ಓಣಿ ಎಲ್ಲಿತ್ತೆಂದು ಹುಡುಕಲು ಹೋಗಿ, ವಾಚ್‌ಮನ್ನನಿಂದ ಬೈಸಿಕೊಂಡು ಬಂದಿದ್ದೇನೆ. ಅವ್ವನ ಕಡೆಯ ದಿನಗಳು ಕಲ್ಯಾಣದ ಒಂದು ಆಸ್ಪತ್ರೆಯಲ್ಲಿ ಕಳೆದವು. ಮೂಗಿಗೆ ನಳಿಗೆ ಹಾಕಿದ್ದರು. ಸಿಸ್ಟರ್ ದಿಂಬು ಸರಿಮಾಡುತ್ತ ನನ್ನತ್ತ ಕೈತೋರಿಸಿ, "ಆಜೀ, ಹೀ ತುಮಚೀ ಮುಲಗೀ ಕಾ?" ಎಂದು ಕೇಳಿದಳು. ಅವ್ವ ಕಷ್ಟಪಟ್ಟು ಅಲ್ಲವೆಂದು ತಲೆಯಾಡಿಸಿದಳು. "ನಾಯ್. ಶೇಜಾರಚೀ." ಮಗಳಲ್ಲ, ಪಕ್ಕದ ಮನೆಯವಳು. ಐವತ್ತು ದಾಟಿದ ನನಗೆ ಆಗ ತಿಳಿಯಿತು, ಇವಳು ಇನ್ನೂ ಕಾವಲು ಬಿಟ್ಟಿಲ್ಲ. ಸಾವು ತನ್ನ ಮಂಚದ ಪಕ್ಕದಲ್ಲೇ ನಿಂತಿರುವಾಗಲೂ ನನ್ನನ್ನು ಅದರ ಕಣ್ಣಿನಿಂದ ಮರೆಮಾಡುತ್ತಿದ್ದಾಳೆ. ನಾನು ಜೋರಾಗಿ ಅತ್ತುಬಿಟ್ಟೆ. ಪಕ್ಕದ ಮನೆಯವಳು ಇಷ್ಟು ಅಳುತ್ತಾಳೆಯೇ ಎಂದು ಸಿಸ್ಟರ್ ನನ್ನನ್ನೇ ನೋಡಿದಳು.

ಇಷ್ಟನ್ನೂ ಕೇಳಿದ ಮಗಳು ಮೊಬೈಲನ್ನು ಮಗುಚಿಟ್ಟು, ಕೂಸಿನ ಕಾಲನ್ನು ಸುಮ್ಮನೆ ಸವರುತ್ತ ಕೂತಳು. ಅವಳಿಗಿದು ಹಳೆಯ ಕಾಲದ ಕತೆಯಷ್ಟೇ ಎಂದುಕೊಂಡೆ. ನಿನ್ನೆ ಲಸಿಕೆ ಹಾಕಿಸಲು ಕ್ಲಿನಿಕ್ಕಿಗೆ ಹೋಗಿದ್ದೆವು. ಸಾಲಿನಲ್ಲಿ ಪಕ್ಕ ಕೂತಿದ್ದ ಹೆಂಗಸು ನನ್ನ ಮಡಿಲಿನ ಕೂಸಿನ ಗಲ್ಲ ಮುಟ್ಟಿ, "ಕಿತೀ ಗೋಡ್! ತುಮಚೀ ನಾತ್ ಕಾ?" ಎಂದಳು. ಎಷ್ಟು ಮುದ್ದಾಗಿದೆ, ನಿಮ್ಮ ಮೊಮ್ಮಗಳೇ ಎಂದು ಕೇಳಿದ್ದು. ಲೆಕ್ಕಪತ್ರ ನೋಡಿ ಬಾಳಿದವಳು ನಾನು, ಇಂಥದ್ದನ್ನೆಲ್ಲ ನಂಬುವವಳಲ್ಲ. ಆದರೆ ಹೌದೆನ್ನಲು ನಾಲಿಗೆ ಏಳಲಿಲ್ಲ. "ನಾಯ್," ಎಂದೆ, "ಶೇಜಾರಚೀ." ಹೇಳಿದ ಮೇಲೆ ಮಗಳ ಮುಖ ನೋಡಲು ಭಯವಾಯಿತು. ಅವಳು ಕೂಸಿನ ಟೋಪಿಯನ್ನು ಹಣೆಯವರೆಗೆ ಎಳೆದು, ಆ ಹೆಂಗಸಿಗೆ ಶಾಂತವಾಗಿ, "ಹೋ ನಾ, ಆಮ್ಹೀ ನುಸತಂ ಸಾಂಭಾಳತೋ" ಎಂದಳು. ಹೌದು, ನಾವು ಬರೇ ಸಾಕುವವರು. ಅವ್ವನ ಮಾತು ಮಗಳ ಬಾಯಲ್ಲಿ ಮರಾಠಿಯಾಗಿ ಬಂದಿತ್ತು. ಅದನ್ನು ಕೇಳಿ ನಗಲು, ಸೆರಗಿನಿಂದ ಕಣ್ಣೊರೆಸಿಕೊಳ್ಳಲು ಆ ಓಣಿಯವರು ಯಾರೂ ಉಳಿದಿರಲಿಲ್ಲ.