ಕಿವಿಯಿಂದ ಬೇಯಿಸುತ್ತಿದ್ದ ಹುಲಿಗೆವ್ವತ್ತೆ

ಜೋಳದ ಹಿಟ್ಟು ಸೀದರೆ ಬರುವ ವಾಸನೆ ಬೇರೆ ಯಾವ ಹಿಟ್ಟಿಗೂ ಇಲ್ಲ. ಮೊದಲು ಹುರಿದ ಕಾಳಿನ ಹಾಗೆ ಹಿತವಾಗಿರುತ್ತದೆ, ಆಮೇಲೆ ಒಮ್ಮೆಗೇ ಗಂಟಲು ಹಿಡಿಯುತ್ತದೆ. ಮೊನ್ನೆ ಹೆಂಚಿನ ಮೇಲೆ ರೊಟ್ಟಿ ಹಾಕಿ, ಮಗಳ ಫೋನು ಬಂತೆಂದು ಮಾತಿಗೆ ನಿಂತು ಮರೆತೇಬಿಟ್ಟೆ. ತಿರುಗಿ ಬರುವಷ್ಟರಲ್ಲಿ ರೊಟ್ಟಿಯ ಅಂಚು ಕರಕಾಗಿ ಅಡುಗೆಮನೆಯ ತುಂಬ ಅದೇ ವಾಸನೆ. ಒಲೆ ಆರಿಸಿದೆ, ಆದರೆ ರೊಟ್ಟಿ ತೆಗೆಯುವ ಶಕ್ತಿ ಬರಲಿಲ್ಲ. ಅಲ್ಲೇ ಗೋಡೆಗೆ ಒರಗಿ ಕೂತು ಅತ್ತುಬಿಟ್ಟೆ. ಅರವತ್ತರ ಹತ್ತಿರ ಬಂದ ಹೆಂಗಸು ಒಂದು ಸೀದ ರೊಟ್ಟಿಗೆ ಅಳುತ್ತಾಳೆಂದರೆ ಜನ ನಗುತ್ತಾರೆ. ನಗಲಿ ಬಿಡಿ. ನಿಮ್ಮ ಬಾಲ್ಯದ ಮನೆಯಲ್ಲೂ ಅಂಥವರೊಬ್ಬರು ಇದ್ದಿರುತ್ತಾರೆ, ಅವರಿಗೆ ನೀವು ಮಾಡಿದ್ದನ್ನು ಯಾರಿಗೂ ಹೇಳದೆ ಎದೆಯಲ್ಲಿಟ್ಟುಕೊಂಡು ಓಡಾಡುತ್ತಿರುತ್ತೀರಿ. ನಿಮಗಾದರೂ ನನ್ನ ಸಂಕಟ ತಿಳಿದೀತು. ಹುಲಿಗೆವ್ವತ್ತೆಗೆ ನಾನು ಮಾಡಿದ್ದನ್ನು ಇವತ್ತು ಹೇಳಿಬಿಡುತ್ತೇನೆ.

ಹುಲಿಗೆವ್ವತ್ತೆ ಅಪ್ಪನ ಅಕ್ಕ. ಮದುವೆಯಾದ ಮೂರನೆಯ ವರ್ಷವೇ ಗಂಡ ತೀರಿಕೊಂಡು, ಮಕ್ಕಳೂ ಇಲ್ಲದೆ, ದೇವದುರ್ಗದ ನಮ್ಮ ಮನೆಗೆ ವಾಪಸು ಬಂದವಳು. ನಾನು ಹುಟ್ಟುವುದಕ್ಕೂ ಮುಂಚಿನ ಮಾತದು. ಕೇರಿಯ ಕೊನೆಯಲ್ಲಿ ಎರಡಂಕಣದ ಮಣ್ಣಿನ ಮಾಳಿಗೆ ಮನೆ, ಮುಂದೆ ಮೋಟುಗೋಡೆಯ ಅಂಗಳ, ಅಂಗಳಕ್ಕೊಂದು ಬೇವಿನ ಮರ. ಅಪ್ಪ ರಸ್ತೆಗೆ ಜಲ್ಲಿ ಒಡೆಯಲು ಹೋಗುತ್ತಿದ್ದ, ಅವ್ವ ಮತ್ತು ಅತ್ತೆ ಹತ್ತಿ ಬಿಡಿಸಲು ಹೋಗುತ್ತಿದ್ದರು. ನನಗಿಂತ ಏಳು ವರ್ಷ ದೊಡ್ಡವಳಾದ ಲಚುಮಕ್ಕ ನನ್ನ ತಲೆ ಬಾಚಿ, ಹೆಣಲು ಹಾಕಿ, ಶಾಲೆಗೆ ತಳ್ಳುತ್ತಿದ್ದಳು. ನಾವು ದನದ ಮಾಂಸ ಉಣ್ಣುವ ಮಂದಿ. ಕೇರಿಯಲ್ಲಿ ಅದಕ್ಕೆ ‘ದೊಡ್ಡದು’ ಅನ್ನುತ್ತಿದ್ದರು. ಹೇಳಿಕೊಳ್ಳಲು ನನಗೇನೂ ನಾಚಿಕೆಯಿಲ್ಲ, ಉಣ್ಣದವರು ಮೂಗು ಮುರಿಯದೆ ಸುಮ್ಮನೆ ಓದಿದರೆ ಸಾಕು. ತುಂಡು ಮಾಡಿ ಸಾರು ಕುದಿಸುವುದು ಎಲ್ಲರ ಮನೆಯಲ್ಲೂ ಇತ್ತು. ಆದರೆ ಮೂಳೆಸಮೇತ ಇಡೀ ತೊಡೆಯ ತುಂಡನ್ನು ಮಣ್ಣಿನ ಮಡಕೆಯಲ್ಲಿ, ಹನಿ ನೀರು ಹಾಕದೆ, ಬೆಳಗಿನಿಂದ ಮಧ್ಯಾಹ್ನದವರೆಗೆ ಕೆಂಡದಲ್ಲಿ ಬೇಯಿಸುವ ವಿದ್ಯೆ ಕೇರಿಗೆಲ್ಲ ಅತ್ತೆಯೊಬ್ಬಳಿಗೇ ಬರುತ್ತಿತ್ತು. ಬೀಗರು ಬಂದರೆಂದರೆ, ಕೂಸಿಗೆ ಹೆಸರಿಡುವುದೆಂದರೆ, ‘ಹುಲಿಗೆವ್ವನ್ನ ಕರೀರಿ’ ಎಂದು ಮೊದಲು ನಮ್ಮ ಮನೆಗೆ ಓಡಿ ಬರುತ್ತಿದ್ದರು. ಅವತ್ತು ಅತ್ತೆ ಸೆರಗು ಬಿಗಿದು ಕಟ್ಟಿ ನಡೆಯುವ ಠೀವಿ ನೋಡಬೇಕಿತ್ತು.

ಬೆಳ್ಳುಳ್ಳಿ, ಒಣಮೆಣಸಿನಕಾಯಿ, ಕೊತ್ತಂಬರಿ ಬೀಜ, ಅರಿಷಿಣ, ಕಲ್ಲುಪ್ಪು ಎಲ್ಲ ಒರಳಲ್ಲಿ ಕುಟ್ಟಿ ಮಾಂಸಕ್ಕೆ ತಿಕ್ಕುತ್ತಿದ್ದಳು, ಎಣ್ಣೆ ಹಚ್ಚಿ ಮಗುವಿಗೆ ಎರೆಯುವ ಹಾಗೆ, ಸಂದುಗೊಂದಿಯನ್ನೂ ಬಿಡದೆ. ಮಡಕೆಯ ತಳಕ್ಕೆ ಜೋಳದ ದಂಟು ಅಡ್ಡಡ್ಡ ಹಾಸಿ ಅದರ ಮೇಲೆ ಮಾಂಸ, ಮಾಂಸದ ಸುತ್ತ ತೊಟ್ಟು ತೆಗೆಯದ ಮುಳ್ಳುಬದನೆ, ಗಜ್ಜರಿ, ಮೂಲಂಗಿ, ಇಡೀ ಉಳ್ಳಾಗಡ್ಡಿ. ಬಾಯಿಗೆ ಮಣ್ಣಿನ ತಟ್ಟೆ ಮುಚ್ಚಿ ಸುತ್ತಲೂ ಜೋಳದ ಹಿಟ್ಟು ಮೆತ್ತಿ ಉಸಿರಾಡದಂತೆ ಬಂದ್ ಮಾಡುತ್ತಿದ್ದಳು. ಬೇವಿನ ಮರದ ಬುಡದಲ್ಲಿ ಮೊಣಕಾಲುದ್ದದ ಕುಣಿ, ಅದರಲ್ಲಿ ಹತ್ತಿಕಟ್ಟಿಗೆ ಉರಿದು ಬಿದ್ದ ಕೆಂಡ, ಕೆಂಡದ ಮೇಲೆ ಮಡಕೆ, ಸುತ್ತ ಕುಳ್ಳಿನ, ಅಂದರೆ ಬೆರಣಿಯ, ಬೆಂಕಿ. ಅತ್ತ ಒಲೆಯ ಮೇಲೆ ಅವ್ವ ಪುಂಡಿಪಲ್ಯದ ಹುಳಿ ಮಾಡುತ್ತಿದ್ದಳು: ಪುಂಡಿಸೊಪ್ಪು, ಹುಣಸೆಹಣ್ಣು, ಹಸಿಮೆಣಸಿನಕಾಯಿ, ಚೂರು ಬೆಲ್ಲ, ಮೇಲೆ ಬೆಳ್ಳುಳ್ಳಿ ಒಗ್ಗರಣೆ. ಬಿಸಿ ಮಾಂಸದ ಮೇಲೆ ಆ ಹುಳಿ ಸುರಿದಾಗ ಏಳುವ ಘಮಕ್ಕೆ ದವಡೆಯ ಮೂಲೆ ಜುಮ್ಮೆನ್ನುತ್ತಿತ್ತು. ಬದನೆಕಾಯಿ ಮುಟ್ಟಿದರೆ ಬೆಣ್ಣೆ. ರೊಟ್ಟಿ ಮುರಿಯುವಷ್ಟರಲ್ಲಿ ಮಾಂಸ ಎಲುಬು ಬಿಟ್ಟು ಜಾರುತ್ತಿತ್ತು. ಅಯ್ಯೋ, ಬರೆಯುತ್ತಿದ್ದರೂ ಬಾಯಲ್ಲಿ ನೀರು ಬರುತ್ತದೆ, ಕಣ್ಣಲ್ಲೂ.

ಈ ಅಡುಗೆಯ ಕಷ್ಟವೆಂದರೆ ನಡುವೆ ಮುಚ್ಚಳ ತೆಗೆದು ನೋಡುವಂತಿಲ್ಲ. ಒಮ್ಮೆ ಉಸಿರು ಹೋಯಿತೋ, ಮಾಂಸ ಬಿರುಸಾಗಿ ಚಪ್ಪಲಿಯಾಗುತ್ತದೆ. ಅದಕ್ಕೇ ಅತ್ತೆ ಕಿವಿಯಿಂದ ಬೇಯಿಸುತ್ತಿದ್ದಳು. ಊದುಗೊಳವೆಯ ಒಂದು ತುದಿಯನ್ನು ಮಡಕೆಯ ಕೊರಳಿಗೆ ಹಚ್ಚಿ, ಇನ್ನೊಂದು ತುದಿಗೆ ಕಿವಿ ಕೊಟ್ಟು, ಕಣ್ಣು ಮುಚ್ಚಿ ಕೂರುವಳು. ಮೊದಲು ಮಾಂಸ ತರಕಾರಿಗಳು ಬಿಟ್ಟ ನೀರು ಕೊತಕೊತ ಕುದಿಯುತ್ತದೆ. ನೀರು ಹಿಂಗಿದಾಗ ಒಂದು ಗಳಿಗೆ ಎಲ್ಲ ಗಪ್ಪಾಗುತ್ತದೆ. ಆಮೇಲೆ ಕೊಬ್ಬು ಕರಗಿ ಎಣ್ಣೆಯಾಗಿ ಚಿಟಿಚಿಟಿ ಅನ್ನುತ್ತದೆ. ಆ ಚಿಟಿಚಿಟಿ ಶುರುವಾದ ಕೂಡಲೇ ಮಡಕೆ ಎತ್ತಬೇಕು, ತಡವಾದರೆ ಸೀದು ಹೋಗುತ್ತದೆ.

ನನಗೆ ಹತ್ತು ವರ್ಷ ಇರಬೇಕು, ಎಪ್ಪತ್ತರ ದಶಕದ ಕೊನೆಯ ಕಾಲ. ಒಂದು ದಿನ ಕುಣಿಯ ಹತ್ತಿರ ಗಜ್ಜರಿ ಕಡಿಯುತ್ತ ಕೂತಿದ್ದೆ. ಕೊಳವೆಯೂ ಇಲ್ಲದೆ ನನಗೇ ಚಿಟಿಚಿಟಿ ಕೇಳಿಸಿತು. ಅತ್ತೆ ಮಾತ್ರ ಕಿವಿಗೆ ಕೊಳವೆ ಹಚ್ಚಿಕೊಂಡು ‘ಇನ್ನೂ ನೀರು ಅದ’ ಅನ್ನುತ್ತಿದ್ದಳು. “ಅತ್ತಿ, ಎಣ್ಣಿ ಮಾತಾಡಾಕತ್ತದ” ಅಂದೆ. ಅವಳು ತಿರುಗಿ ನನ್ನ ತುಟಿಯನ್ನೇ ನೋಡಿದಳು. ಮತ್ತೊಮ್ಮೆ ಹೇಳಿದೆ. ತಟ್ಟನೆ ಮಡಕೆ ಎತ್ತಿದಳು. ಆಮೇಲೆ ನನ್ನನ್ನು ಹಿತ್ತಲಿಗೆ ಕರೆದುಕೊಂಡು ಹೋಗಿ ಎರಡೂ ಕೈ ಹಿಡಿದುಕೊಂಡಳು.

“ಯಾರಿಗೂ ಹೇಳಬ್ಯಾಡ ತಾಯಮ್ಮ. ಕಿವಿ ಹೋದ್ವು ಅಂದ್ರ ಮಡಿಕಿ ಹೋತು. ಮಡಿಕಿ ಹೋತಂದ್ರ ಈ ಮನ್ಯಾಗ ನಂದೇನದ ಬೇ?”

ಎಲ್ಲಿಂದ ಬಂತು ಈ ಮಾತು? ಅವ್ವನ ಬಾಯಿಂದಲೇ. ಅವ್ವ ಕೆಟ್ಟವಳಲ್ಲ, ನಾಲಿಗೆ ಮಾತ್ರ ಸಡಿಲ. ನಗೆಚಾಟಿಕೆಗೆ “ನಮ್ಮ ನಾದಿನಿನ್ನ ಇಟಗೊಂಡಿದ್ದು ಮಡಿಕಿ ಸಲುವಾಗಿ, ಇಲ್ಲಂದ್ರ ಯಾವತ್ತೋ ಬಸ್ ಹತ್ತಸ್ತಿದ್ದೆ” ಎಂದು ನೆಂಟರೆದುರು ಅನ್ನುತ್ತಿದ್ದಳು. ಎಲ್ಲರೂ ನಗುತ್ತಿದ್ದರು, ಎಲ್ಲರಿಗಿಂತ ಜೋರಾಗಿ ಅತ್ತೆಯೇ ನಗುತ್ತಿದ್ದಳು. ಆ ಮಾತು ಅವಳೊಳಗೆ ಮುಳ್ಳಾಗಿ ಮುರಿದು ಕೂತಿದೆಯೆಂದು ಯಾರಿಗೆ ಗೊತ್ತಿತ್ತು!

ಅಂದಿನಿಂದ ಎರಡು ವರ್ಷ ನಾನೇ ಅತ್ತೆಯ ಕಿವಿ. ಅವಳು ಮೊದಲು ಕೊಳವೆಗೆ ಕಿವಿ ಕೊಟ್ಟು ಕೇಳಿದಂತೆ ಮಾಡಿ, “ತಗೋ, ನೀನೂ ಕಲಿ” ಎಂದು ನನಗೆ ದಾಟಿಸುತ್ತಿದ್ದಳು. ಚಿಟಿಚಿಟಿ ಶುರುವಾದರೆ ನಾನು ಮೊಣಕೈಯಿಂದ ಅವಳ ಪಕ್ಕೆಗೆ ಮೆಲ್ಲಗೆ ತಿವಿಯಬೇಕು. ಅಷ್ಟೇ. ಅವಳು “ಹೂಂ, ಆತು, ಎತ್ರಿ” ಎಂದು ದೊಡ್ಡ ದನಿಯಲ್ಲಿ ಹೇಳುವಳು. ಉಳಿದ ದಿನಗಳಲ್ಲಿ ತುಟಿ ನೋಡಿ, ಅಂದಾಜು ಮಾಡಿ, ಎಲ್ಲದಕ್ಕೂ ಹೂಂಗುಟ್ಟಿ ದಾಟಿಸುತ್ತಿದ್ದಳು. ಮನೆಯವರು ಅತ್ತೆಗೆ ಮರೆವು ಜಾಸ್ತಿಯಾಗಿದೆ ಅಂದುಕೊಂಡರು. ಉಂಡವರು ಅವಳನ್ನು ಹೊಗಳುವಾಗ ಅವಳು ನನ್ನ ಕಡೆ ನೋಡಿ ಹುಬ್ಬು ಹಾರಿಸುವಳು, ನನ್ನ ತಾಟಿಗೆ ಎಲುಬಿನೊಳಗಿನ ಮೆದು ಮಜ್ಜೆ ಬೀಳುತ್ತಿತ್ತು. ಎರಡು ವರ್ಷ ಒಂದು ಮಡಕೆಯೂ ಸೀಯಲಿಲ್ಲ.

ಆಮೇಲೆ ಲಚುಮಕ್ಕನಿಗೆ ಮಾನ್ವಿಯ ಕಡೆಯಿಂದ ಹೆಣ್ಣು ಕೇಳಿ ಬಂದರು. ಹುಡುಗ ಅಕ್ಕಿ ಗಿರಣಿಯಲ್ಲಿ ಕೆಲಸಕ್ಕಿದ್ದ. ಮನೆಯಲ್ಲಿ ಎಲ್ಲರಿಗೂ ಖುಷಿ, ನನಗೆ ಮಾತ್ರ ಬೇಡವಾಗಿತ್ತು. ಅಕ್ಕ ಹೋದರೆ ನನ್ನ ತಲೆ ಯಾರು ಬಾಚುತ್ತಾರೆ, ಚಳಿಗೆ ಯಾರ ಸೆರಗೊಳಗೆ ಮಲಗಲಿ? ಅವರು ಊಟಕ್ಕೆ ಬರುವ ಹಿಂದಿನ ದಿನ ಅವ್ವ ಅತ್ತೆಗೆ ಕೈ ತಿರುಗಿಸಿ ಹೇಳುತ್ತಿದ್ದಳು: “ಊಟ ಛಲೋ ಆತಂದ್ರ ಲಗ್ನ ಆದಂಗ ನೋಡು.” ನನ್ನ ತಲೆಯಲ್ಲಿ ಅದು ಹಿಂದುಮುಂದಾಗಿ ಕೂತಿತು. ಊಟ ಕೆಟ್ಟರೆ ಲಗ್ನ ಆಗುವುದಿಲ್ಲ! ಹನ್ನೆರಡು ವರ್ಷದ ಹುಡುಗಿಯ ಬುದ್ಧಿ. ಆದರೆ ಹನ್ನೆರಡು ಅಷ್ಟೇನೂ ಚಿಕ್ಕದಲ್ಲ, ನನಗೆ ನಾನು ಮಾಡುತ್ತಿದ್ದುದು ಗೊತ್ತಿತ್ತು.

ಬೀಗರು ಬೆಳಗಿನ ಬಸ್ಸಿಗೆ ಬಂದಿಳಿದರು, ಐದು ಜನ. ಹೊತ್ತು ನೆತ್ತಿಗೆ ಬಂದಾಗ ಮಡಕೆ ಗಪ್ಪಾಯಿತು. ಆಮೇಲೆ ಚಿಟಿಚಿಟಿ. ಅಷ್ಟು ಸ್ಪಷ್ಟವಾಗಿ ನಾನು ಎಂದೂ ಕೇಳಿರಲಿಲ್ಲ. ನನ್ನ ಮೊಣಕೈಯನ್ನು ತೊಡೆಯ ಮೇಲೆ ಒತ್ತಿ ಹಿಡಿದುಕೊಂಡು ಕೂತೆ. ಅತ್ತೆ ನನ್ನ ಮುಖ ನೋಡಿದಳು. “ಇನ್ನೂ ನೀರು ಅದ” ಎಂದು ತುಟಿಯಾಡಿಸಿದೆ. ಸ್ವಲ್ಪ ಹೊತ್ತಿಗೆ ಮತ್ತೆ ನೋಡಿದಳು. ಮತ್ತೆ ಅದನ್ನೇ ಹೇಳಿದೆ. ಮೂರನೆಯ ಸಲ ಅವಳ ಕಣ್ಣಲ್ಲಿ ಏನೋ ಅಳುಕಿತ್ತು, ಆದರೂ ನನ್ನನ್ನು ನಂಬಿದಳು. ತಟ್ಟೆಗೆ ಮೆತ್ತಿದ ಹಿಟ್ಟು ಕಂದಾಯಿತು, ಕಪ್ಪಾಯಿತು, ಅಂಗಳದ ತುಂಬ ವಾಸನೆ ಎದ್ದಿತು. ಅವ್ವ “ಹಾಳಾತಲ್ಲೋ ಯಪ್ಪಾ!” ಎಂದು ಕೂಗುತ್ತ ಓಡಿ ಬಂದಳು. ಮುಚ್ಚಳ ತೆಗೆದರೆ ಬದನೆಕಾಯಿ ಇದ್ದಿಲಾಗಿತ್ತು, ಮಾಂಸದ ಅರ್ಧ ಭಾಗ ಕರಕಾಗಿ ತಳಕ್ಕೆ ಅಂಟಿತ್ತು.

“ಯಕ್ಕಾ, ಕೇಳಲಿಲ್ಲೇನು ನಿನಗ?” ಎಂದ ಅಪ್ಪ. ಅವನ ದನಿಯಲ್ಲಿ ಸಿಟ್ಟಿರಲಿಲ್ಲ, ಆಶ್ಚರ್ಯವಿತ್ತು. ಅತ್ತೆ ಎದ್ದು ನಿಂತಳು. ಕೈಯಲ್ಲಿದ್ದ ಬೂದಿಯನ್ನು ಸೀರೆಗೆ ಒರೆಸಿಕೊಂಡು, ಬೀಗರೆದುರೇ ಹೇಳಿದಳು: “ನನ್ನ ಕಿವಿ ಹೋಗ್ಯಾವಪ್ಪ. ಎರಡು ವರ್ಷ ಆತು. ನಿಮಗೆಲ್ಲಾ ಸುಳ್ಳು ಹೇಳಿಕೋತ ಬಂದೀನಿ.” ನನ್ನ ಹೆಸರೆತ್ತಲಿಲ್ಲ. ನನ್ನ ಕಡೆ ತಿರುಗಿಯೂ ನೋಡಲಿಲ್ಲ. ಬಾಯಿ ಬಿಟ್ಟು ಹೇಳು ತಾಯಮ್ಮ, ಹೇಳು, ಎಂದು ಒಳಗೆ ಯಾರೋ ಗುದ್ದುತ್ತಿದ್ದರು. ನಾನು ಹೇಳಲಿಲ್ಲ. ಹುಡುಗನ ತಾಯಿ ದೊಡ್ಡ ಮನಸ್ಸಿನ ಹೆಂಗಸು. “ಮ್ಯಾಲಿಂದು ಛಲೋನ ಅದ ಬಿಡ್ರಿ, ಮ್ಯಾಲ ಹುಳಿ ಹಾಕ್ರಿ, ಉಣ್ಣೂಣು. ನಮ್ಮ ಮನ್ಯಾಗ ಸೀಯೂದಿಲ್ಲೇನು?” ಎಂದು ತಾನೇ ಕರಕು ಕೆರೆದು ಎಲ್ಲರ ತಾಟಿಗೆ ಬಡಿಸಿದಳು. ಎಲ್ಲರೂ ಚಪ್ಪರಿಸಿ ಉಂಡರು. ಎಲೆಅಡಿಕೆಗೂ ಮುಂಚೆ ಲಗ್ನ ಗಟ್ಟಿಯಾಯಿತು. ನೋಡಿದಿರಾ, ನನ್ನ ಕೇಡುಬುದ್ಧಿ ಆ ಕೆಲಸಕ್ಕೂ ಬರಲಿಲ್ಲ. ಅಕ್ಕ ಹೋಗಿಯೇ ಹೋದಳು.

ಅವತ್ತು ಬೀಗರು ಉಂಡೆದ್ದ ಮೇಲೆ ನಾವು ಮನೆಯವರು ಕೂತೆವು. ಅತ್ತೆ ಖಾಲಿ ತಾಟು ಹಿಡಿದುಕೊಂಡು ಹೊಸ್ತಿಲಾಚೆ ನಿಂತು, “ನಾ ಉಣ್ಲೇನು?” ಅಂದಳು. ಅವ್ವ ಚೇಷ್ಟೆ ಅಂದುಕೊಂಡು ನಕ್ಕಳು. ಅತ್ತೆ ನಗಲಿಲ್ಲ. ಮರುದಿನ ಬೆಳಿಗ್ಗೆ ರೊಟ್ಟಿ ಮುಂದಿಟ್ಟುಕೊಂಡು ಮತ್ತೆ ಕೇಳಿದಳು. ಸಂಜೆಗೆ ಮತ್ತೆ. ತನ್ನ ತಮ್ಮನ ಮನೆಯಲ್ಲಿ, ತಾನೇ ತಟ್ಟಿದ ರೊಟ್ಟಿಗೆ, ಯಾರಾದರೂ ತಲೆಯಾಡಿಸುವವರೆಗೆ ಕೈ ಹಾಕುತ್ತಿರಲಿಲ್ಲ. ಅಪ್ಪ ಅವಳ ಕಾಲು ಹಿಡಿದ. ಅವ್ವ ಬೈದಳು, ಅತ್ತಳು, ತನ್ನ ನಾಲಿಗೆಗೆ ಹುಳ ಬೀಳಲಿ ಎಂದು ಎದೆ ಬಡಿದುಕೊಂಡಳು. ಅತ್ತೆ ಎಲ್ಲದಕ್ಕೂ ಹೂಂ ಅಂದು ಮರುದಿನ ಮತ್ತೆ ಕೇಳುತ್ತಿದ್ದಳು. ಹಟವಲ್ಲ, ಸಿಟ್ಟಲ್ಲ. ಅವಳು ನಿಜವಾಗಿಯೂ ಕೇಳುತ್ತಿದ್ದಳು. ಪ್ರತಿ ಸಲ ಎಲ್ಲರಿಗಿಂತ ಮೊದಲು ತಲೆಯಾಡಿಸುತ್ತಿದ್ದವಳು ನಾನೇ. ಆ ಮಡಕೆಯ ಅಡುಗೆ ನಮ್ಮ ಕೇರಿಯಲ್ಲಿ ಅಲ್ಲಿಗೆ ಮುಗಿಯಿತು. ಕುಣಿಯನ್ನು ಅತ್ತೆ ತಾನೇ ಮಣ್ಣು ಹೊತ್ತು ಮುಚ್ಚಿದಳು.

ನಾನು ಹಾಸ್ಟೆಲು ಸೇರಿದೆ, ಓದಿದೆ, ಎಂಬತ್ತರ ದಶಕ ಮುಗಿಯುವ ಹೊತ್ತಿಗೆ ರಾಯಚೂರಿನಲ್ಲಿ ಶಾಲೆಯ ಟೀಚರಾದೆ. ಒಂದು ಬಾಡಿಗೆ ಮನೆ ಹಿಡಿದು ಮೊದಲು ಕರೆದುಕೊಂಡು ಬಂದದ್ದು ಅತ್ತೆಯನ್ನು. ಕಿವಿಯ ಡಾಕ್ಟರಿಗೆ ತೋರಿಸಿದೆ. ದೀಪ ಹಚ್ಚಿ ಒಳಗೆಲ್ಲ ನೋಡಿ ಅವರು, “ಒಳಗ ಕೀವು ತುಂಬಿ ಪರದಿ ತಿಂದುಬಿಟ್ಟದ. ಶುರುವಿನಾಗ ತೋರಿಸಿದ್ರ ಏನರ ಮಾಡಬಹುದಿತ್ತು. ಮನ್ಯಾಗ ಯಾರಿಗೂ ಗೊತ್ತಾಗಲಿಲ್ಲೇನು?” ಅಂದರು. ಒಳಗೊಳಗೇ ಅಂದುಕೊಂಡೆ: ಗೊತ್ತಿತ್ತು ಸರ್, ಒಬ್ಬಳಿಗೆ ಗೊತ್ತಿತ್ತು. ಆವರೆಗೆ ನಾನು ಮಾಡಿದ ತಪ್ಪು ಒಂದೇ, ಆ ಒಂದು ಮಧ್ಯಾಹ್ನದ್ದು ಎಂದು ತಿಳಿದಿದ್ದೆ. ಗುಟ್ಟು ಕಾಪಾಡಿದ್ದನ್ನು ಪುಣ್ಯದ ಲೆಕ್ಕಕ್ಕೆ ಹಿಡಿದಿದ್ದೆ. ಆ ವರ್ಷದ ಬೇಸಿಗೆಗೆ ಅತ್ತೆ ತೀರಿಕೊಂಡಳು. ಅದಕ್ಕೂ ಮುಂಚಿನ ಒಂದು ಭಾನುವಾರವನ್ನು ಹೇಳಿ ಮುಗಿಸುತ್ತೇನೆ.

ಆ ಭಾನುವಾರ ತೊಡೆಯ ತುಂಡು ತರಿಸಿದೆ. ಕುಣಿ ಎಲ್ಲಿಂದ ಬರಬೇಕು ಬಾಡಿಗೆ ಮನೆಯಲ್ಲಿ? ಇದ್ದಿಲಿನ ಸಿಗಡಿ ಒಲೆಯ ಮೇಲೆ ದಪ್ಪ ತಳದ ಪಾತ್ರೆಯಿಟ್ಟು, ಅವಳು ಮಾಡುತ್ತಿದ್ದುದನ್ನೆಲ್ಲ ಒಂದೂ ಬಿಡದೆ ಮಾಡಿದೆ. ಅಡುಗೆಮನೆಯ ನೆಲಕ್ಕೆ ಮೊಣಕಾಲೂರಿ ಪಾತ್ರೆಗೆ ಕಿವಿ ಕೊಟ್ಟು ಕೂತೆ, ಸರಿಯಾದ ಗಳಿಗೆಗೆ ಎತ್ತಿದೆ. ಎಲುಬಿನಿಂದ ಮಾಂಸ ಜಾರಿತು. ಬದನೆ, ಗಜ್ಜರಿ, ಉಳ್ಳಾಗಡ್ಡಿ ಸುತ್ತ ಜೋಡಿಸಿ ಮೇಲೆ ಪುಂಡಿಹುಳಿ ಸುರಿದು ಅತ್ತೆಯ ಮುಂದಿಟ್ಟೆ. ಅವಳು ಬಗ್ಗಿ ಮೂಸಿದಳು. ಪೊರೆ ಬಂದ ಕಣ್ಣು ಅಗಲವಾದವು. ಕೈ ತಾಟಿನ ತನಕ ಬಂತು, ನಿಂತಿತು. ತಲೆಯೆತ್ತಿ ನನ್ನನ್ನು ನೋಡಿ, “ತಾಯಮ್ಮ, ನಾ ಉಣ್ಲೇನು?” ಅಂದಳು.

ನನ್ನ ಮನೆಯಲ್ಲಿ. ನನ್ನನ್ನು ಎತ್ತಿ ಬೆಳೆಸಿದವಳು. ನನಗೆ ತಡೆಯಲಾಗಲಿಲ್ಲ. ಅವಳ ಪಾದದ ಮೇಲೆ ಮುಖವಿಟ್ಟು ಎಲ್ಲ ಹೇಳಿದೆ. “ನಾನ ಮಾಡಿದೆ ಅತ್ತಿ, ನಂಗ ಕೇಳಸ್ತಿತ್ತು, ನಾನ ಹೇಳಲಿಲ್ಲ, ಬೇಕಂತ ಸುಟ್ಟೆ” ಎಂದು ಗೋಡೆಯಾಚೆಯವರಿಗೂ ಕೇಳುವ ಹಾಗೆ ಕೂಗಿ ಕೂಗಿ ಹೇಳಿದೆ. ಎಷ್ಟು ಹೊತ್ತು ಅಳುತ್ತಿದ್ದೆನೋ ಗೊತ್ತಿಲ್ಲ. ತಲೆಯೆತ್ತಿದಾಗ ಹುಳಿ ಆರಿ ಮೇಲೆ ಕೊಬ್ಬಿನ ಕೆನೆ ಕಟ್ಟಿತ್ತು. ಅತ್ತೆ ಎರಡೂ ಕೈ ಮಡಿಲಲ್ಲಿಟ್ಟುಕೊಂಡು, ನನ್ನ ಮುಖವನ್ನೇ ನೋಡುತ್ತ, ಇನ್ನೂ ಕಾಯುತ್ತಿದ್ದಳು.

ನಾನು ತಲೆಯಾಡಿಸಿದೆ. ಅವಳು ಉಂಡಳು.